ಅಂಟುವಾಳದ ಪುಡಿಗೂ ಲೆಕ್ಕಪುಸ್ತಕ ಬೇಕು

ಜಿಲ್ಲಾ ಕೇಂದ್ರಗಳಲ್ಲಿ ನಡೆಯುವ ವಸ್ತುಪ್ರದರ್ಶನಗಳಲ್ಲಿ ಹಪ್ಪಳ, ಸಂಡಿಗೆ, ಚಟ್ನಿಪುಡಿಗಳ ಪಕ್ಕದಲ್ಲಿ ಈಗ ಹೊಸದೊಂದು ಸರಕು ಸ್ಥಾನ ಪಡೆದಿದೆ. ಅಂಟುವಾಳ, ಸೀಗೆ, ನಿಂಬೆಸಿಪ್ಪೆಗಳಿಂದ ಮನೆಯಲ್ಲಿಯೇ ತಯಾರಿಸಿದ ಬಟ್ಟೆ ತೊಳೆಯುವ ಪುಡಿ ಮತ್ತು ದ್ರವವೇ ಆ ಸರಕು. ಸ್ತ್ರೀಶಕ್ತಿ ಸಂಘಗಳ ಸದಸ್ಯೆಯರು, ಉದ್ಯೋಗ ತೊರೆದು ಮನೆಯಲ್ಲಿರುವ ಪದವೀಧರೆಯರು, ನಿವೃತ್ತ ನೌಕರರು ಇದರ ತಯಾರಕರು. ಪ್ರದರ್ಶನದ ಮೂರು ದಿನ ವ್ಯಾಪಾರ ಚೆನ್ನಾಗಿಯೇ ಆಗುತ್ತದೆ. ಮರುವರ್ಷ ಅದೇ ಸಾಲಿನಲ್ಲಿ ಹುಡುಕಿದರೆ ಅದೇ ಹೆಸರಿನ ಪೊಟ್ಟಣ ಸಿಗುವುದು ಅಪರೂಪ. ಹೆಸರು ಬೇರೆ, ತಯಾರಕರೂ ಬೇರೆ. ಹಿಂದಿನ ವರ್ಷದವರು ಏನಾದರೆಂದು ಯಾರೂ ವಿಚಾರಿಸುವುದಿಲ್ಲ.

ವರ್ತಕ ಸಮುದಾಯವು ವಿಚಾರಿಸಬೇಕಾದ ಸಂಗತಿ ಇದೇ. ಇಂತಹ ಘಟಕಗಳು ಮುಚ್ಚುವುದಕ್ಕೆ ಸರಕು ಕಳಪೆ ಎಂಬುದಾಗಲಿ, ಗಿರಾಕಿಗಳಿಲ್ಲ ಎಂಬುದಾಗಲಿ ಮುಖ್ಯ ಕಾರಣವಲ್ಲ. ತಪ್ಪು ಲೆಕ್ಕ ಮತ್ತು ತಪ್ಪು ಮಾರುಕಟ್ಟೆ, ಇವೆರಡೇ ಅವುಗಳನ್ನು ಮುಚ್ಚಿಸುತ್ತವೆ. ಇವೆರಡನ್ನೂ ಸರಿಪಡಿಸುವ ಶಕ್ತಿ ವಾಣಿಜ್ಯ ಸಂಸ್ಥೆಗಳ ಸದಸ್ಯರಲ್ಲಿಯೇ ಇದೆ. ಆದರೆ ಅವರಲ್ಲಿ ಅನೇಕರು ಇದನ್ನು ಹೆಂಗಸರ ಹವ್ಯಾಸವೆಂದು ತಳ್ಳಿಹಾಕುತ್ತಿದ್ದಾರೆ.

ಹಳೆಯ ವಿದ್ಯೆ, ಹೊಸ ಹೆಸರು

ವಿದ್ಯೆಯೇನೂ ಹೊಸದಲ್ಲ. ಸಾಬೂನು ಬರುವ ಮೊದಲು ಈ ನಾಡಿನಲ್ಲಿ ಮಡಿವಾಳರು ಚೌಳು ಮಣ್ಣನ್ನು ಬಳಸಿ, ಬಟ್ಟೆಯನ್ನು ಉಬ್ಬೆಗೆ ಹಾಕಿ ಬೆಳ್ಳಗೆ ಮಾಡುತ್ತಿದ್ದರು. ಮನೆಗಳಲ್ಲಿ ಬೂದಿ ನೀರು ಬಳಕೆಯಲ್ಲಿತ್ತು. ರೇಷ್ಮೆ ಸೀರೆಗೆ ಮತ್ತು ಚಿನ್ನದ ಒಡವೆಗೆ ಮಾತ್ರ ಅಂಟುವಾಳಕಾಯಿ. ಹಳೆಯ ಗೃಹಿಣಿಯರು ಹತ್ತಿಬಟ್ಟೆಗೊಂದು, ರೇಷ್ಮೆಗೊಂದು ಎಂದು ಬೇರೆ ಬೇರೆ ಸಾಮಗ್ರಿಯನ್ನು ಇಟ್ಟುಕೊಳ್ಳುತ್ತಿದ್ದರು ಎಂಬುದನ್ನು ಇಲ್ಲಿ ವಿಶೇಷವಾಗಿ ಗಮನಿಸಬೇಕು. ಈ ವಿವೇಕವನ್ನು ಇಂದಿನ ತಯಾರಕರು ಮರೆತಂತಿದೆ.

ಅಂಟುವಾಳದ ಸಿಪ್ಪೆಯಲ್ಲಿ ಸಪೋನಿನ್ ಎಂಬ ನೊರೆಕಾರಕ ವಸ್ತುವಿದೆ. ಬೀಜ ತೆಗೆದ ಸುಮಾರು 100 ಗ್ರಾಂ ಸಿಪ್ಪೆಯನ್ನು ಒಂದು ಲೀಟರ್ ನೀರಿನಲ್ಲಿ ರಾತ್ರಿ ನೆನೆಹಾಕಿ, ಬೆಳಿಗ್ಗೆ ಅರ್ಧ ಗಂಟೆ ಕುದಿಸಿ, ಹಿಸುಕಿ ಸೋಸಿದರೆ ದ್ರವ ಸಿದ್ಧ. ಸಿಪ್ಪೆಯನ್ನು ಗರಿಗರಿಯಾಗಿ ಒಣಗಿಸಿ ಗಿರಣಿಗೆ ಹಾಕಿಸಿ ಜರಡಿ ಹಿಡಿದರೆ ಪುಡಿ. ಸಪೋನಿನ್ನು ಸಾಬೂನಿನಂತೆ ಗಡಸು ನೀರಿನ ಸುಣ್ಣದೊಡನೆ ಸೇರಿ ಬಟ್ಟೆಯ ಮೇಲೆ ಬಿಳಿಯ ಕಿಟ್ಟವಾಗಿ ಕೂರುವುದಿಲ್ಲ. ಕೋಲಾರ, ಚಿತ್ರದುರ್ಗ, ಗದಗ, ವಿಜಯಪುರ ಜಿಲ್ಲೆಗಳ ಕೊಳವೆಬಾವಿ ನೀರಿನಲ್ಲಿ ಬಟ್ಟೆ ಒಗೆದವರಿಗೆ ಇದರ ಬೆಲೆ ತಿಳಿಯುತ್ತದೆ.

ಇದರ ಮಿತಿಗಳೂ ಅಷ್ಟೇ ಸ್ಪಷ್ಟವಾಗಿವೆ. ಎಣ್ಣೆಜಿಡ್ಡು, ಚಹಾದ ಕಲೆ, ಶಾಲಾಮಕ್ಕಳ ಸಮವಸ್ತ್ರದ ಕೆಮ್ಮಣ್ಣು, ಇವುಗಳ ಮುಂದೆ ಅಂಟುವಾಳ ದುರ್ಬಲ. ಅದರ ರಸ ಕಂದುಬಣ್ಣದ್ದು. ಕಾರ್ಖಾನೆಯ ಪುಡಿಯಲ್ಲಿರುವ ಹೊಳಪುಕಾರಕವಾಗಲಿ ಕಿಣ್ವವಾಗಲಿ ಅದರಲ್ಲಿಲ್ಲವಾದ್ದರಿಂದ ಬಿಳಿಯ ಬಟ್ಟೆ ಕ್ರಮೇಣ ಮಂಕಾಗುತ್ತದೆ. ದ್ರವವು ಹೊರಗಿಟ್ಟರೆ ಮೂರು ನಾಲ್ಕು ದಿನಗಳಲ್ಲಿ ಹುಳಿತು ವಾಸನೆ ಹಿಡಿಯುತ್ತದೆ. ಮನೆಯ ಬಳಕೆಗೆ ಇದೇನೂ ತೊಡಕಲ್ಲ, ಬೇಕಾದಾಗ ಕುದಿಸಿಕೊಂಡರಾಯಿತು. ಅಂಗಡಿಯ ಕಪಾಟಿನಲ್ಲಿ ಮೂರು ತಿಂಗಳು ಉಳಿಯಬೇಕೆಂದರೆ ಸಂರಕ್ಷಕ ರಾಸಾಯನಿಕ ಸೇರಿಸಲೇಬೇಕು, ಆಗ 'ಸಂಪೂರ್ಣ ನೈಸರ್ಗಿಕ' ಎಂಬ ಮಾತು ಉಳಿಯುವುದಿಲ್ಲ. ವ್ಯಾಪಾರಕ್ಕೆ ಪುಡಿಯೇ ಯೋಗ್ಯ, ದ್ರವವಲ್ಲ. ಅನೇಕ ಮನೆ ಘಟಕಗಳು ಈ ಮೊದಲ ಮೆಟ್ಟಿಲಿನಲ್ಲಿಯೇ ಎಡವಿವೆ.

ಇನ್ನು ಕೆಲವರು ಅಡುಗೆ ಸೋಡಾ ಮತ್ತು ವಿನೆಗರನ್ನು ಬೆರೆಸಿ ಅದು ಬುಸುಗುಟ್ಟುವುದನ್ನು ಗಿರಾಕಿಗಳಿಗೆ ತೋರಿಸುತ್ತಾರೆ. ಕ್ಷಾರ ಮತ್ತು ಆಮ್ಲ ಒಂದನ್ನೊಂದು ನಿಷ್ಕ್ರಿಯಗೊಳಿಸಿಕೊಂಡ ಮೇಲೆ ಉಳಿಯುವುದು ಒಂದು ಬಗೆಯ ಉಪ್ಪುನೀರು ಮಾತ್ರ. ಬೆಲ್ಲ, ಹಣ್ಣಿನ ಸಿಪ್ಪೆ, ನೀರನ್ನು 1:3:10ರ ಪ್ರಮಾಣದಲ್ಲಿ ಮೂರು ತಿಂಗಳು ಹುದುಗಿಸಿದ ಹುಳಿದ್ರವಕ್ಕೆ ಬಟ್ಟೆ ಸೋಡಾ ಸೇರಿಸುವವರದ್ದೂ ಇದೇ ಕತೆ.

ನಿರ್ಮಾದ ಉದಾಹರಣೆ ಹೊಂದುವುದೇ?

ಸ್ವ-ಉದ್ಯೋಗ ತರಬೇತಿಗಳಲ್ಲಿ ತಪ್ಪದೆ ಬರುವ ಉದಾಹರಣೆ ನಿರ್ಮಾ. 1969ರಲ್ಲಿ ಅಹಮದಾಬಾದಿನ ಕರ್ಸನ್‌ಭಾಯಿ ಪಟೇಲ್ ಅವರು ಮನೆಯ ಹಿತ್ತಲಿನಲ್ಲಿ ಪುಡಿ ಬೆರೆಸಿ ಸೈಕಲ್ಲಿನ ಮೇಲೆ ಮಾರಿದರು. ಅಂದಿನ ಸರ್ಫ್ ಬೆಲೆಯ ಮೂರನೆಯ ಒಂದು ಭಾಗಕ್ಕೂ ಕಡಿಮೆ ದರದಲ್ಲಿ ಮಾರಿ ದೊಡ್ಡ ಕಂಪನಿಯನ್ನೇ ನಡುಗಿಸಿದರು. 1983ರಲ್ಲಿ ತ್ರಿಶೂರಿನ ಎಂ.ಪಿ. ರಾಮಚಂದ್ರನ್ ಅವರು ರೂ. 5,000 ಬಂಡವಾಳದಲ್ಲಿ ಉಜಾಲಾ ಆರಂಭಿಸಿದ್ದೂ ಇದೇ ಸಾಲಿಗೆ ಸೇರುವ ಕಥೆ. ಸ್ಫೂರ್ತಿಗೆ ಇವು ಒಳ್ಳೆಯವೇ. ಆದರೆ ನಿರ್ಮಾ ಗೆದ್ದದ್ದು ಬೆಲೆಯ ಮೇಲೆ. ಅದರ ಹೂರಣ ಸೋಡಾ ಆಷ್ ಮತ್ತು ಆಸಿಡ್ ಸ್ಲರಿ. ಇವು ಲಾರಿಗಟ್ಟಲೆ ಕೊಂಡಷ್ಟೂ ಅಗ್ಗವಾಗುವ ಸರಕುಗಳು. ಅಂಟುವಾಳವು ಮರದ ಫಸಲು. ಬೇಡಿಕೆ ದ್ವಿಗುಣವಾದ ಮಾತ್ರಕ್ಕೆ ಮರ ಎರಡು ಬಾರಿ ಕಾಯಿ ಬಿಡುವುದಿಲ್ಲ, ಕೊಳ್ಳುವವರು ಹೆಚ್ಚಾದಂತೆ ಗ್ರಂಥಿಗೆ ಅಂಗಡಿಯಲ್ಲಿ ಅದರ ದರ ಏರುತ್ತದೆ. ಉತ್ಪಾದನೆ ಹೆಚ್ಚಿದಂತೆ ವೆಚ್ಚ ಇಳಿಯುವ ಸೂತ್ರ ಇಲ್ಲಿ ತಲೆಕೆಳಗು. ಹತ್ತು ರೂಪಾಯಿಯ ಪೊಟ್ಟಣದ ಕಾಳಗಕ್ಕೆ ಈ ಸರಕನ್ನು ಇಳಿಸುವುದು ಸೋಲಲೆಂದೇ ಇಳಿಸಿದಂತೆ.

ಆ ಕಾಳಗದಲ್ಲಿ ರಾಸಾಯನಿಕ ಪುಡಿಯ ಸಣ್ಣ ತಯಾರಕರೇ ಉಸಿರು ಕಟ್ಟಿ ನಿಂತಿದ್ದಾರೆ. ಸಣ್ಣ ಕೈಗಾರಿಕೆಗೆಂದೇ ದೀರ್ಘಕಾಲ ಮೀಸಲಾಗಿದ್ದ ಬಟ್ಟೆ ಸಾಬೂನನ್ನು, ಉಳಿದಿದ್ದ ಕೊನೆಯ 20 ಸರಕುಗಳ ಜೊತೆಗೆ, 2015ರ ಏಪ್ರಿಲ್‌ನಲ್ಲಿ ಮೀಸಲು ಪಟ್ಟಿಯಿಂದ ತೆಗೆದುಹಾಕಲಾಯಿತು. ಆಸಿಡ್ ಸ್ಲರಿಯ ಮೂಲ ಪೆಟ್ರೋಲಿಯಂ ಆದ್ದರಿಂದ ಕಚ್ಚಾತೈಲ ಏರಿದಾಗಲೆಲ್ಲ ಅವರ ಲಾಭಾಂಶ ಕರಗುತ್ತದೆ.

ಮನೆಯ ಲೆಕ್ಕ

ಒಂದು ಮನೆ ಘಟಕವನ್ನು ಕಲ್ಪಿಸಿಕೊಳ್ಳಬಹುದು. ಕೆಳಗಿನ ದರಗಳೆಲ್ಲ ಲೆಕ್ಕದ ರೀತಿಯನ್ನು ತೋರಿಸಲು ಊಹಿಸಿಕೊಂಡವು. ಓದುಗರು ತಮ್ಮ ಊರಿನ ದರಗಳನ್ನು ಹಾಕಿ ನೋಡಿಕೊಳ್ಳಬೇಕು. ತಿಂಗಳಿಗೆ ಬೀಜ ತೆಗೆದ ಅಂಟುವಾಳ 35 ಕೆ.ಜಿ., ರೂ. 220ರಂತೆ ರೂ. 7,700. ಸೀಗೆಕಾಯಿ 10 ಕೆ.ಜಿ., ರೂ. 160ರಂತೆ ರೂ. 1,600. ಬಟ್ಟೆ ಸೋಡಾ 5 ಕೆ.ಜಿ., ರೂ. 60ರಂತೆ ರೂ. 300. ಒಟ್ಟು 50 ಕೆ.ಜಿ.ಗೆ ರೂ. 9,600. ಗಿರಣಿ ಕೂಲಿ ರೂ. 1,000. ಒಣಗಿಸುವಾಗ ಮತ್ತು ಬೀಸುವಾಗ ಶೇ. 4 ನಷ್ಟವಾಗಿ 48 ಕೆ.ಜಿ. ಉಳಿದರೆ ಅರ್ಧ ಕೆ.ಜಿ.ಯ 96 ಪೊಟ್ಟಣ. ಪೊಟ್ಟಣ ಮತ್ತು ಚೀಟಿಗೆ ತಲಾ ರೂ. 9ರಂತೆ ರೂ. 864. ಎಲ್ಲ ಸೇರಿ ರೂ. 11,464, ಅಂದರೆ ಪೊಟ್ಟಣವೊಂದಕ್ಕೆ ಸುಮಾರು ರೂ. 119.

ಮನೆಯೊಡತಿ ಇದನ್ನು ರೂ. 160ಕ್ಕೆ ಮಾರಿ ರೂ. 41 ಲಾಭವೆಂದು ತಿಳಿಯುತ್ತಾಳೆ. ಬೀಜ ಬಿಡಿಸಿದವರು, ಬಿಸಿಲಿಗೆ ಹರಡಿದವರು, ಸೀನುತ್ತ ಜರಡಿ ಹಿಡಿದವರು ಯಾರು? ಆಕೆ, ಆಕೆಯ ಅತ್ತೆ, ರಜೆಯಲ್ಲಿ ಬಂದ ಮಗಳು. ಈ ದುಡಿಮೆಗೆ ತಿಂಗಳಿಗೆ 8 ಆಳುದಿನ, ದಿನಕ್ಕೆ ರೂ. 500 ಎಂದು ಹಿಡಿದರೆ ರೂ. 4,000, ಪೊಟ್ಟಣಕ್ಕೆ ಸುಮಾರು ರೂ. 42. ಅಲ್ಲಿಗೆ ಅಸಲು ರೂ. 161. ಲಾಭವೆಂದು ಎಣಿಸಿದ್ದು ಲಾಭವಲ್ಲ, ಮೂವರ ಕೂಲಿ. ಅದರಲ್ಲಿಯೂ ಒಂದು ರೂಪಾಯಿ ಕಡಿಮೆ!

ಪ್ರದರ್ಶನದಲ್ಲಿ ತಾನೇ ನಿಂತು ಮಾರುವವರೆಗೆ ಈ ತಪ್ಪು ಹೊರಗೆ ಕಾಣುವುದಿಲ್ಲ. ಕಿರಾಣಿ ಅಂಗಡಿಗೆ ಕೊಡಲು ಹೋದ ದಿನ ಬಯಲಾಗುತ್ತದೆ. ವಿದ್ಯುತ್, ದೂರವಾಣಿ, ಸಾಗಣೆ, ಹಿಂದಿರುಗಿ ಬಂದ ಮಾಲು, ಬಡ್ಡಿ, ಇವಕ್ಕೆಲ್ಲ ರೂ. 10 ಸೇರಿಸಿದರೆ ರೂ. 171. ಶೇ. 10 ಲಾಭ ಸೇರಿಸಿದರೆ ರೂ. 188. ಅಂಗಡಿಯವರಿಗೆ ಮಾರಾಟ ಬೆಲೆಯ ಮೇಲೆ ಶೇ. 20 ಬಿಟ್ಟರೆ ಪೊಟ್ಟಣದ ಮೇಲೆ ಅಚ್ಚಾಗಬೇಕಾದ ಬೆಲೆ ರೂ. 235. ಆದರೆ ಆಕೆ ಈಗಾಗಲೇ ರೂ. 160 ಎಂದು ಅಚ್ಚು ಹಾಕಿಸಿದ್ದಾಳೆ, ಗಿರಾಕಿಗಳಿಗೂ ಅದೇ ಬೆಲೆ ರೂಢಿಯಾಗಿದೆ. ಎರಡನೆಯ ವರ್ಷ ಮಳಿಗೆ ಖಾಲಿಯಾಗುವುದಕ್ಕೆ ಬೇರೆ ಕಾರಣ ಹುಡುಕಬೇಕಾಗಿಲ್ಲ.

ಚೀಟಿಯ ಮಾತು, ತೆರಿಗೆಯ ಮಾತು

ತೆರಿಗೆಯ ವಿಷಯದಲ್ಲಿ ಅತಿಯಾದ ಭಯವೂ ಅತಿಯಾದ ಧೈರ್ಯವೂ ಕಂಡುಬರುತ್ತಿವೆ. ಸರಕುಗಳ ವ್ಯಾಪಾರದಲ್ಲಿ ಕರ್ನಾಟಕದೊಳಗೆ ವಾರ್ಷಿಕ ವಹಿವಾಟು ರೂ. 40 ಲಕ್ಷ ದಾಟುವವರೆಗೆ ಜಿಎಸ್‌ಟಿ ನೋಂದಣಿ ಕಡ್ಡಾಯವಲ್ಲ. ಮೇಲಿನ ಘಟಕದ ವಹಿವಾಟು ವರ್ಷಕ್ಕೆ ಎರಡು ಲಕ್ಷ ಚಿಲ್ಲರೆ, ಭಯಪಡುವ ಕಾರಣವೇ ಇಲ್ಲ. ಆದರೆ ಪುಣೆಯ ಗಿರಾಕಿಯೊಬ್ಬರಿಗೆ ಒಂದೇ ಒಂದು ಪೊಟ್ಟಣ ಮಾರಿ ಕೊರಿಯರ್ ಮಾಡಿದರೂ ಅದು ಅಂತರರಾಜ್ಯ ಪೂರೈಕೆ. ಅದಕ್ಕೆ ವಹಿವಾಟಿನ ಮಿತಿಯಿಲ್ಲದೆ ನೋಂದಣಿ ಬೇಕು. ರೂ. 1.5 ಕೋಟಿಯವರೆಗಿನ ರಾಜಿ ತೆರಿಗೆ ಪದ್ಧತಿಯಲ್ಲಿ ಶೇ. 1 ಕಟ್ಟುವವರಿಗೂ ಹೊರರಾಜ್ಯದ ಮಾರಾಟ ನಿಷಿದ್ಧ.

ದರದ ಪ್ರಶ್ನೆ ಇನ್ನೂ ಸ್ವಾರಸ್ಯಕರ. ಅಂಟುವಾಳಕಾಯಿಯು ಸಸ್ಯೋತ್ಪನ್ನವೆಂದು ಶೇ. 5ರ ಪಟ್ಟಿಯಲ್ಲಿ ಹೆಸರಿಸಲ್ಪಟ್ಟಿದೆ. ಬಟ್ಟೆ ತೊಳೆಯುವ ಮಾರ್ಜಕವಾದರೆ ಶೇ. 18. 2025ರ ಸೆಪ್ಟೆಂಬರ್ 22ರಿಂದ ದರಗಳು ಪರಿಷ್ಕೃತವಾದಾಗ ಸ್ನಾನದ ಸಾಬೂನಿನ ಬಿಲ್ಲೆ ಶೇ. 5ಕ್ಕೆ ಇಳಿಯಿತು, ಬಟ್ಟೆಯ ಪುಡಿ ಶೇ. 18ರಲ್ಲಿಯೇ ಉಳಿಯಿತು. ಹಾಗಾದರೆ ಬೇರೇನೂ ಬೆರೆಸದೆ ಬೀಸಿದ ಅಂಟುವಾಳ ಕಾಯಿಯೋ, ಮಾರ್ಜಕವೋ? ಸೋಡಾ ಬೆರೆಸಿ 'ಡಿಟರ್ಜೆಂಟ್' ಎಂದು ಅಚ್ಚು ಹಾಕಿದವರು ವಾದಕ್ಕೆ ಹೆಚ್ಚು ಎಡೆಯಿಟ್ಟಿಲ್ಲ. ಬರಿಯ ಪುಡಿಯಾದರೆ ಚರ್ಚೆಗೆ ಅವಕಾಶವಿದೆ. ದೊಡ್ಡ ಪ್ರಮಾಣಕ್ಕೆ ಹೋಗುವವರು ಊಹೆಯ ಮೇಲೆ ನಡೆಯದೆ ಮುಂಗಡ ತೀರ್ಪು ಪ್ರಾಧಿಕಾರದಿಂದ ತೀರ್ಮಾನ ಪಡೆಯುವುದು ಕ್ಷೇಮ. ಈ ಎರಡು ದರಗಳ ಅಂತರ ಸಣ್ಣದಲ್ಲ. ಮೇಲಿನ ರೂ. 235ರ ಪೊಟ್ಟಣಕ್ಕೆ ಶೇ. 18 ಸೇರಿದರೆ, ಸಣ್ಣಪುಟ್ಟ ಹುಟ್ಟುವಳಿ ತೆರಿಗೆ ಜಮೆಯನ್ನು ಬದಿಗಿಟ್ಟು, ರೂ. 277.

ತೆರಿಗೆಗಿಂತ ಹೆಚ್ಚಿನ ಅಪಾಯ ಚೀಟಿಯಲ್ಲಿದೆ. 2011ರ ಪೊಟ್ಟಣ ಸರಕುಗಳ ನಿಯಮಗಳಂತೆ ತಯಾರಕರ ಹೆಸರು ಮತ್ತು ವಿಳಾಸ, ನಿವ್ವಳ ತೂಕ, ತಯಾರಾದ ತಿಂಗಳು ಮತ್ತು ವರ್ಷ, ಎಲ್ಲ ತೆರಿಗೆಗಳೂ ಸೇರಿದ ಗರಿಷ್ಠ ಮಾರಾಟ ಬೆಲೆ, ದೂರು ನೀಡುವ ದೂರವಾಣಿ ಸಂಖ್ಯೆ ಇರಬೇಕು. ಪೊಟ್ಟಣ ಕಟ್ಟುವವರು ಕಾನೂನು ಮಾಪನ ಇಲಾಖೆಯಲ್ಲಿ ನೋಂದಣಿ ಮಾಡಿಸಬೇಕು. ಮನೆಯಲ್ಲಿ ಮಾಡಿದ್ದೆಂಬ ಕಾರಣಕ್ಕೆ ವಿನಾಯಿತಿಯಿಲ್ಲ. ಇದಕ್ಕೆ ಈಗ ಇನ್ನೊಂದು ಸೇರಿದೆ. ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರವು 2024ರ ಅಕ್ಟೋಬರ್‌ನಲ್ಲಿ ಹೊರಡಿಸಿದ ಮಾರ್ಗಸೂಚಿಗಳಂತೆ 'ನೈಸರ್ಗಿಕ', 'ಪರಿಸರಸ್ನೇಹಿ' ಮುಂತಾದ ಮಾತುಗಳಿಗೆ ಆಧಾರ ತೋರಿಸಬೇಕು. ದಾರಿ ತಪ್ಪಿಸುವ ಜಾಹೀರಾತಿಗೆ 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯಡಿ ಮೊದಲ ಬಾರಿಗೆ ರೂ. 10 ಲಕ್ಷದವರೆಗೆ ದಂಡ ವಿಧಿಸಬಹುದು. ಆಸಿಡ್ ಸ್ಲರಿ ಬೆರೆಸಿದ ಪುಡಿಗೆ ಬೇವಿನ ಎಲೆಯ ಚಿತ್ರ ಅಂಟಿಸಿ ಮಾರುವವರೂ ಇದ್ದಾರೆ. ಅವರಿಂದಾಗಿ ನಿಜವಾದ ತಯಾರಕರ ಮೇಲಿನ ನಂಬಿಕೆಯೂ ಕೆಡುತ್ತಿದೆ.

ಪ್ರಾಮಾಣಿಕರೂ ಇಲ್ಲಿ ಎಚ್ಚರ ವಹಿಸಬೇಕು. 2015ರಲ್ಲಿ ಬೆಂಗಳೂರಿನ ಬೆಳ್ಳಂದೂರು ಕೆರೆಯ ನೊರೆ ರಸ್ತೆಗೆ ಹಾರಿ, ಅದಕ್ಕೆ ಬೆಂಕಿಯೂ ಹೊತ್ತಿಕೊಂಡ ಮೇಲೆ ಮಾರ್ಜಕಗಳ ಬಗ್ಗೆ ಜನರಲ್ಲಿ ಅಳುಕು ಮೂಡಿದ್ದು ಸಹಜ. ಆ ಅಳುಕನ್ನು ಬಂಡವಾಳ ಮಾಡಿಕೊಂಡು 'ಸಂಪೂರ್ಣ ನಿರಪಾಯಕಾರಿ' ಎಂದು ಅಚ್ಚು ಹಾಕುವುದು ಸರಿಯಲ್ಲ. ಅಂಟುವಾಳದ ಸಪೋನಿನ್ ಬೇಗ ಕೊಳೆತು ಹೋಗುತ್ತದೆಂಬುದು ನಿಜವಾದರೂ ಮೀನಿಗೆ ಅದು ವಿಷ. ಹಳ್ಳದ ನೀರಿಗೆ ಅದನ್ನು ಕದಡಿ ಮೀನು ಹಿಡಿಯುವ ರೂಢಿ ಹಿಂದೆ ಇತ್ತು. ಕಣ್ಣಿಗೆ ಬಿದ್ದರೆ ಉರಿ, ಪುಡಿಯ ದೂಳು ಮೂಗಿಗೆ ಹೋದರೆ ಸೀನು ನಿಲ್ಲದು. ಇಷ್ಟನ್ನು ಚೀಟಿಯಲ್ಲಿ ಬರೆದರೆ ವ್ಯಾಪಾರ ಕುಗ್ಗುವುದೆಂಬ ಭಯ ಅನವಶ್ಯಕ.

ಸರಕಿಗೆ ತಕ್ಕ ಗಿರಾಕಿ

ಅಂಟುವಾಳವನ್ನು ಎಲ್ಲ ಬಟ್ಟೆಗೂ ಮಾರುವ ಆಸೆ ಬಿಟ್ಟು, ಅದು ಯಾವುದಕ್ಕೆ ನಿಜವಾಗಿ ಶ್ರೇಷ್ಠವೋ ಅದಕ್ಕೆ ಮಾರಬೇಕು. ರೇಷ್ಮೆ ಮತ್ತು ಉಣ್ಣೆ ಪ್ರೋಟೀನಿನ ನೂಲುಗಳು. ಕ್ಷಾರ ಅವುಗಳನ್ನು ಕೆಡಿಸುತ್ತದೆ, ಕಲೆ ತೆಗೆಯಲೆಂದು ಕಾರ್ಖಾನೆಯ ಪುಡಿಗೆ ಸೇರಿಸುವ ಪ್ರೋಟೀನ್ ಕರಗಿಸುವ ಕಿಣ್ವವೂ ಕೆಡಿಸುತ್ತದೆ. ಅಂಟುವಾಳದ ರಸ ಸ್ವಲ್ಪ ಹುಳಿಯ ಕಡೆಗಿರುವುದರಿಂದ ನೂಲಿಗೆ ಹಾನಿಯಿಲ್ಲ. ಅಜ್ಜಿಯರು ಅದನ್ನು ರೇಷ್ಮೆಗೆ ಮೀಸಲಿಟ್ಟದ್ದು ಇದೇ ಕಾರಣಕ್ಕೆ. ಹೀಗೆ ಮಾರುವವರು ಮಿಶ್ರಣದಿಂದ ಬಟ್ಟೆ ಸೋಡಾವನ್ನು ಕಟ್ಟುನಿಟ್ಟಾಗಿ ಕೈಬಿಡಬೇಕು. ತಿಳಿಬಣ್ಣದ ಸೀರೆಯನ್ನು ಮೂಲೆಯಲ್ಲಿ ಪರೀಕ್ಷಿಸಿ ತೊಳೆಯಬೇಕೆಂಬ ಸೂಚನೆಯೂ ಇರಬೇಕು.

ಕರ್ನಾಟಕದಲ್ಲಿ ಇದಕ್ಕೆ ಸಿದ್ಧ ಮಾರುಕಟ್ಟೆಯೇ ಇದೆ. ಮೈಸೂರು ರೇಷ್ಮೆ, ಮೊಳಕಾಲ್ಮೂರು, ಇಳಕಲ್ ಸೀರೆಗಳಿಗೆ ಭೌಗೋಳಿಕ ಗುರುತಿನ ಮನ್ನಣೆಯಿದೆ. ಹತ್ತು ಸಾವಿರ ರೂಪಾಯಿಯ ಸೀರೆ ಕೊಂಡ ಗಿರಾಕಿ ಅಂಗಡಿಯವರನ್ನು ಕೇಳುವ ಮೊದಲ ಪ್ರಶ್ನೆಯೇ 'ಇದನ್ನು ತೊಳೆಯುವುದು ಹೇಗೆ' ಎಂಬುದು. ಡ್ರೈಕ್ಲೀನಿಂಗ್ ಎಂಬ ಉತ್ತರದ ಜೊತೆಗೆ 100 ಗ್ರಾಂನ ಒಂದು ಪೊಟ್ಟಣವನ್ನು ಕೈಗಿಟ್ಟರೆ ಹೇಗೆ? ಅದೇ ಊಹೆಯ ದರಗಳಂತೆ ಬರಿಯ ಅಂಟುವಾಳದ 100 ಗ್ರಾಂಗೆ ಬೀಸುವಿಕೆ ಸೇರಿ ರೂ. 25, ಪೊಟ್ಟಣಕ್ಕೆ ರೂ. 6, ದುಡಿಮೆಗೆ ರೂ. 10, ಇತರೆ ರೂ. 4, ಲಾಭ ರೂ. 5. ಸೀರೆ ಅಂಗಡಿಗೆ ರೂ. 50. ತಿಂಗಳಿಗೆ 500 ಪೊಟ್ಟಣ ಹೋದರೆ ದುಡಿಮೆ ಮತ್ತು ಲಾಭ ಸೇರಿ ಆ ಮನೆಗೆ ರೂ. 7,500. ದೊಡ್ಡ ಮೊತ್ತವಲ್ಲ, ಆದರೆ ತಿಂಗಳು ತಿಂಗಳೂ ಬರುವ ಮೊತ್ತ. ನೋಂದಣಿಯಿಲ್ಲದ ಘಟಕದಿಂದ ಕೊಂಡಾಗ ಸೀರೆ ವರ್ತಕರಿಗೆ ತೆರಿಗೆ ಜಮೆ ಸಿಗುವುದಿಲ್ಲವೆಂಬ ಆಕ್ಷೇಪ ಬರಬಹುದು. ಉಚಿತ ಕೊಡುಗೆಯಾಗಿ ಕೊಡುವ ವಸ್ತುವಿನ ಮೇಲೆ ಜಮೆ ಹೇಗೂ ಇಲ್ಲವಾದ್ದರಿಂದ ಆ ಆಕ್ಷೇಪಕ್ಕೆ ತೂಕವಿಲ್ಲ.

ಸೀರೆ ವರ್ತಕರು ಮಾಡಬೇಕಾದ ಇನ್ನೊಂದು ಉಪಕಾರವೆಂದರೆ ಉದ್ರಿಯನ್ನು ಎಳೆಯದಿರುವುದು. ಉದ್ಯಮ್ ನೋಂದಣಿಯುಳ್ಳ ಕಿರು ತಯಾರಕರಿಗೆ ಗರಿಷ್ಠ 45 ದಿನಗಳಲ್ಲಿ ಹಣ ಸಂದಾಯವಾಗಬೇಕೆಂದು 2006ರ ಕಾಯ್ದೆಯೇ ಹೇಳುತ್ತದೆ. ಸಕಾಲಕ್ಕೆ ಕೊಡದಿದ್ದರೆ ಆ ವರ್ಷ ಆದಾಯ ತೆರಿಗೆಯಲ್ಲಿ ಆ ಖರ್ಚಿನ ಕಡಿತವೂ ಸಿಗದು. 'ದಸರೆ ಮುಗಿಯಲಿ ಅಮ್ಮ, ದೀಪಾವಳಿಗೆ ನೋಡೋಣ' ಎನ್ನುವ ಹಳೆಯ ಪರಿಪಾಠ ಇಂತಹ ಮನೆಗಳ ಅಡುಗೆಮನೆಯ ಡಬ್ಬಿಗೇ ಕೈಹಾಕಿದಂತೆ.

ವಾಣಿಜ್ಯ ಸಂಸ್ಥೆಗಳ ಮಟ್ಟದಲ್ಲಿ ಆಗಬೇಕಾದ ಕೆಲಸ ಗಿರಣಿಯದ್ದು. ಹಿಟ್ಟಿನ ಗಿರಣಿಯವರು ಅಂಟುವಾಳವನ್ನು ಬೀಸಲು ಒಪ್ಪುವುದಿಲ್ಲ. ಕಹಿ ಮರುದಿನದ ಜೋಳದ ಹಿಟ್ಟಿಗೂ ಹತ್ತುತ್ತದೆ, ಸೀನು ಇಡೀ ಬೀದಿಗೆ ಹತ್ತುತ್ತದೆ. ದೂಳು ಹಿಡಿಯುವ ವ್ಯವಸ್ಥೆಯುಳ್ಳ ಒಂದು ಪುಡಿಯಂತ್ರ, ಒಂದು ಜರಡಿ, ಮುದ್ರೆ ಹಾಕಿದ ತಕ್ಕಡಿ ಇರುವ ಸಾಮಾನ್ಯ ಸೌಲಭ್ಯ ಕೇಂದ್ರವನ್ನು ಕೈಗಾರಿಕಾ ವಸಾಹತುವಿನಲ್ಲಿ ತೆರೆದರೆ ಹತ್ತಾರು ಮನೆಗಳ ಕೆಲಸ ಒಂದೆಡೆ ಆಗುತ್ತದೆ. ಕೇಂದ್ರದ ಕಿರು ಉದ್ಯಮ ಸಮೂಹ ಯೋಜನೆಯಲ್ಲಿ ಇದಕ್ಕೆ ಅವಕಾಶವೂ ಇದೆ.

ಕಚ್ಚಾ ಸಾಮಗ್ರಿಯ ಮೂಲವನ್ನು ಮರೆಯುವಂತಿಲ್ಲ. ಬಿಳಿಗಿರಿರಂಗನ ಬೆಟ್ಟದ ಸೋಲಿಗರು ಜೇನು, ನೆಲ್ಲಿ, ಸೀಗೆಗಳಂತೆ ಅಂಟುವಾಳವನ್ನೂ ಸಂಗ್ರಹಿಸಿ ಬಂದವರು. ಅರಣ್ಯ ಹಕ್ಕು ಕಾಯ್ದೆಯಡಿ 2011ರಲ್ಲಿ ಅವರ ಸಮುದಾಯ ಹಕ್ಕುಗಳಿಗೆ ಮನ್ನಣೆ ದೊರೆಯಿತು. ನಾಲ್ಕು ಕೈ ದಾಟಿ ಬಂದ ಮಾಲನ್ನು ಕೊಳ್ಳುವುದಕ್ಕಿಂತ ಅಂತಹ ಸಹಕಾರ ಸಂಘಗಳಿಂದ ನೇರವಾಗಿ ಕೊಳ್ಳುವುದು ದರದಲ್ಲಿಯೂ ಗುಣಮಟ್ಟದಲ್ಲಿಯೂ ಮೇಲು.

ಆದರೆ ಆ ಖರೀದಿಗೆ ಕಾಲವಿದೆ. ಕಾಯಿ ಮಾಗುವುದು ಫೆಬ್ರವರಿಯಿಂದ ಏಪ್ರಿಲ್‌ವರೆಗೆ. ತಿಂಗಳಿಗೆ 500 ಸಣ್ಣ ಪೊಟ್ಟಣಗಳ ಘಟಕಕ್ಕೆ ವರ್ಷಕ್ಕೆ ಸುಮಾರು 625 ಕೆ.ಜಿ. ಸಿಪ್ಪೆ ಬೇಕು. ರೂ. 220ರಂತೆ ರೂ. 1,37,500. ಅಷ್ಟನ್ನೂ ಸುಗ್ಗಿಯಲ್ಲಿಯೇ ಕೊಂಡು, ಬೇಸಿಗೆಯ ಬಿಸಿಲಿನಲ್ಲಿ ಒಣಗಿಸಿ, ಗಾಳಿಯಾಡದ ಡ್ರಮ್ಮುಗಳಲ್ಲಿ ತುಂಬಬೇಕು. ಮುಂಗಾರು ತಟ್ಟಿದರೆ ಸಿಪ್ಪೆ ತೇವ ಹೀರಿ ಹೆಸರಿಗೆ ತಕ್ಕಂತೆ ಅಂಟತೊಡಗುತ್ತದೆ, ಬೂಷ್ಟು ಹಿಡಿಯುತ್ತದೆ, ಗಿರಣಿಯಲ್ಲಿ ಕಚ್ಚಿಕೊಳ್ಳುತ್ತದೆ. ಮುದ್ರಾ ಯೋಜನೆಯ ಶಿಶು ವಿಭಾಗದ ರೂ. 50,000 ಇದಕ್ಕೆ ಸಾಲದು, ಕಿಶೋರ್ ವಿಭಾಗದಲ್ಲಿಯೇ ಅರ್ಜಿ ಹಾಕಬೇಕು. ಬ್ಯಾಂಕಿನವರು ಯೋಜನಾ ವರದಿ ಕೇಳುತ್ತಾರೆ, ಆ ವರದಿಯಲ್ಲಿ ಮನೆಯವರ ಕೂಲಿಯ ಸಾಲೂ ಇರಬೇಕು. ಸುಗ್ಗಿಗೆ ಹಣ ಕೈಸೇರಬೇಕಾದರೆ ಅರ್ಜಿ ಡಿಸೆಂಬರ್‌ನಲ್ಲಿಯೇ ಶಾಖೆಗೆ ತಲುಪಿರಬೇಕು.